ಪಾರ್ಕ್ ಬಂತು, ಊರು ಬರಲಿಲ್ಲ

ಬೆಂಗಳೂರನ್ನು ಸಿಂಗಪುರ ಮಾಡುತ್ತೇವೆ ಎಂಬ ಮಾತು ಕನ್ನಡಿಗರಿಗೆ ಹೊಸದಲ್ಲ. ಎಸ್.ಎಂ. ಕೃಷ್ಣ ಮುಖ್ಯಮಂತ್ರಿಯಾಗಿದ್ದ 1999ರಿಂದ 2004ರ ಅವಧಿಯಲ್ಲಿ ಅದು ಹೆಚ್ಚು ಚಾಲ್ತಿಗೆ ಬಂತು. ಆಮೇಲಿನವರು ಅದನ್ನು ಕೆಲವೊಮ್ಮೆ ಭರವಸೆಯಾಗಿ, ಕೆಲವೊಮ್ಮೆ ಗೇಲಿಯಾಗಿ ಬಳಸುತ್ತ ಬಂದರು. ಈ ಮಾತು ಎದ್ದಾಗಲೆಲ್ಲ ಎರಡು ಉತ್ತರಗಳು ಸಿದ್ಧವಾಗಿರುತ್ತವೆ. ಅಲ್ಲಿಯ ಜನರ ಶಿಸ್ತು ನಮ್ಮವರಿಗೆ ಬರುವುದಿಲ್ಲ ಎಂಬುದು ಒಂದು. ಆ ಪುಟ್ಟ ದ್ವೀಪವನ್ನು ಭಾರತದಂಥ ವಿಶಾಲ ದೇಶದೊಂದಿಗೆ ಹೋಲಿಸುವುದೇ ತಪ್ಪು ಎಂಬುದು ಇನ್ನೊಂದು. ಎರಡೂ ಅವಸರದ ತೀರ್ಮಾನಗಳು. ಎರಡು ದೇಶಗಳನ್ನು ನಕ್ಷೆಯ ಮೇಲೆ ಅಕ್ಕಪಕ್ಕ ಇಟ್ಟು ನೋಡಿದರೆ ಈ ಹೋಲಿಕೆಯಿಂದ ಏನೂ ಗಿಟ್ಟುವುದಿಲ್ಲ, ನಿಜ. ಆದರೆ ಬೆಂಗಳೂರಿನ ಪೂರ್ವದಂಚಿನ ಮಹದೇವಪುರದಲ್ಲಿ ನಿಂತು ನೋಡಿದರೆ ಗಿಟ್ಟುತ್ತದೆ. ಸಿಂಗಪುರದ ಸರ್ಕಾರಿ ಬಂಡವಾಳ, ಸಿಂಗಪುರದ ನಕ್ಷೆ, ಸಿಂಗಪುರದ ನಿರ್ವಹಣೆ ಮೂರೂ ಒಟ್ಟಿಗೆ ಬಂದು ಇಳಿದದ್ದು ಇಲ್ಲಿಯೇ, ವೈಟ್‌ಫೀಲ್ಡ್‌ನ ಐಟಿಪಿಎಲ್ ಎಂಬ ಟೆಕ್ ಪಾರ್ಕಿನಲ್ಲಿ. ಆ ಪ್ರಯೋಗದ ಮೂವತ್ತು ವರ್ಷಗಳ ಫಲಿತಾಂಶ ಕಣ್ಣೆದುರಿಗಿದೆ. ನನ್ನ ವಾದ ಇಷ್ಟು: ಸಿಂಗಪುರದಿಂದ ನಾವು ತಂದದ್ದು ಕೆಲಸದ ಜಾಗವನ್ನು. ಕೆಲಸ, ಮನೆ, ನೀರು, ಓಡಾಟ ಇವನ್ನೆಲ್ಲ ಒಂದೇ ಹೊಣೆಗೆ ಕಟ್ಟುವ ಆಡಳಿತವನ್ನು ಅಲ್ಲೇ ಬಿಟ್ಟು ಬಂದೆವು. ಆ ಆಡಳಿತದ ಬೀಜವಾದರೋ ಸಿಂಗಪುರಕ್ಕಿಂತ ಮುಂಚೆಯೇ ನಮ್ಮ ಮಣ್ಣಿನಲ್ಲಿತ್ತು.

ಮೊದಲು ಅಳತೆಯ ಮಾತು. 1965ರಲ್ಲಿ ಸ್ವತಂತ್ರವಾದಾಗ ಸಿಂಗಪುರದ ವಿಸ್ತೀರ್ಣ ಸುಮಾರು 580 ಚದರ ಕಿಲೋಮೀಟರ್. ಸಮುದ್ರಕ್ಕೆ ಮಣ್ಣು ತುಂಬಿ ತುಂಬಿ ಈಗ ಅದು 735ರ ಆಸುಪಾಸಿಗೆ ಬಂದಿದೆ. 2007ರಲ್ಲಿ ಬಿಬಿಎಂಪಿ ಆದಾಗ ಬೆಂಗಳೂರಿನ ವಿಸ್ತೀರ್ಣವೂ 700 ಚದರ ಕಿಲೋಮೀಟರಿಗಿಂತ ತುಸು ಹೆಚ್ಚು. ಅಂದರೆ ಒಂದು ದೇಶ ಮತ್ತು ಒಂದು ಪಾಲಿಕೆ ಹೆಚ್ಚುಕಡಿಮೆ ಒಂದೇ ಅಳತೆಯವು. ದೇಶ ಬೇರೆ, ನಗರ ಬೇರೆ, ಅಧಿಕಾರ ಬೇರೆ ಎಂಬ ಆಕ್ಷೇಪಕ್ಕೆ ಅರ್ಧ ಉತ್ತರ ನಮ್ಮ ಸಂವಿಧಾನದಲ್ಲೇ ಇದೆ. ಭೂಮಿ, ನೀರು, ಸ್ಥಳೀಯ ಆಡಳಿತ ಈ ಮೂರೂ ಏಳನೇ ಅನುಸೂಚಿಯ ರಾಜ್ಯಪಟ್ಟಿಯಲ್ಲಿವೆ. ಒಂದು ಬಡಾವಣೆಗೆ ಚರಂಡಿ ಹಾಕಲು, ಕೆರೆಯ ಒತ್ತುವರಿ ತೆರವು ಮಾಡಲು, ಮನೆ ಕಟ್ಟಿಸಲು ದೆಹಲಿಯ ಅಪ್ಪಣೆ ಬೇಕಿಲ್ಲ. ಸೇನೆ, ನಾಣ್ಯ, ಗಡಿ ಸಿಂಗಪುರಕ್ಕಿವೆ, ನಮಗಿಲ್ಲ. ಗಡಿಯ ವಿಷಯ ಗಟ್ಟಿಯಾದದ್ದು, ಅದನ್ನು ಮುಂದೆ ನೋಡೋಣ. ಊರು ಕಟ್ಟಲು ಬೇಕಾದ ಉಳಿದ ಅಧಿಕಾರವೆಲ್ಲ ವಿಧಾನಸೌಧದಲ್ಲೇ ಇದೆ.

ಇತಿಹಾಸದಲ್ಲಿ ಈ ಎರಡು ಊರುಗಳು ನಾವು ಅಂದುಕೊಂಡಷ್ಟು ದೂರದವೇನಲ್ಲ. ಟಿಪ್ಪು ಸುಲ್ತಾನ್ 1799ರಲ್ಲಿ ಶ್ರೀರಂಗಪಟ್ಟಣದಲ್ಲಿ ಮಡಿದ. ಅದಾದ ಇಪ್ಪತ್ತು ವರ್ಷಕ್ಕೆ, 1819ರಲ್ಲಿ, ರ್‍ಯಾಫಲ್ಸ್ ಸಿಂಗಪುರದಲ್ಲಿ ಈಸ್ಟ್ ಇಂಡಿಯಾ ಕಂಪನಿಯ ಕೋಠಿ ತೆರೆದ. 1831ರಲ್ಲಿ ಮೈಸೂರಿನ ಆಡಳಿತವನ್ನು ಬ್ರಿಟಿಷರು ಕೈಗೆ ತೆಗೆದುಕೊಂಡರು. 1834ರಿಂದ 1861ರವರೆಗೆ ಕಮಿಷನರ್ ಮಾರ್ಕ್ ಕಬ್ಬನ್ ಬೆಂಗಳೂರಿನಲ್ಲಿ ಕೂತು ಕಲ್ಕತ್ತೆಯ ಗವರ್ನರ್ ಜನರಲ್‌ಗೆ ವರದಿ ಒಪ್ಪಿಸುತ್ತಿದ್ದ. ಅದೇ ವರ್ಷಗಳಲ್ಲಿ ಸಿಂಗಪುರವೂ ಕಲ್ಕತ್ತೆಯ ಅಧೀನದಲ್ಲೇ ಇತ್ತು. ಅದು ಲಂಡನ್ನಿನ ನೇರ ವಸಾಹತಾದದ್ದು 1867ರಲ್ಲಿ. ಬೆಂಗಳೂರಿನ ದಂಡಿನಲ್ಲಿದ್ದ ಮದ್ರಾಸ್ ಸೈನ್ಯದ ಪಡೆಗಳೇ ಸಿಂಗಪುರದ ಕಾವಲಿಗೂ ಹೋಗುತ್ತಿದ್ದವು. ಮೂವತ್ತಕ್ಕೂ ಹೆಚ್ಚು ವರ್ಷ ಒಂದೇ ಕಚೇರಿಯ ಕಾಗದಪತ್ರಗಳಲ್ಲಿ ಒಟ್ಟಿಗಿದ್ದ ಊರುಗಳಿವು. ಆಮೇಲೆ ದಾರಿ ಬೇರೆಯಾಯಿತು. ಆಗ ಮುಂದಿದ್ದದ್ದು ಮೈಸೂರು. 1881ರಲ್ಲಿ ಆಡಳಿತ ಒಡೆಯರಿಗೆ ಮರಳಿತು, ಅದೇ ವರ್ಷ ದಿವಾನ್ ರಂಗಾಚಾರ್ಲು ಪ್ರಜಾ ಪ್ರತಿನಿಧಿ ಸಭೆ ಕೂಡಿಸಿದರು. ಅದರಲ್ಲಿ ಮೊದಲು ಕೂತವರು ಆಯ್ಕೆಯಾದವರಲ್ಲ, ಕರೆಸಿಕೊಂಡವರು, ಸರಿ. ಆದರೂ ಸಿಂಗಪುರದ ಜನ ಮೊದಲ ಸಲ ಮತ ಹಾಕಿ ಶಾಸನಸಭೆಗೆ ಕೆಲವರನ್ನು ಕಳಿಸಿದ್ದು 1948ರಲ್ಲಿ. ನಗರ ಸುಧಾರಣೆಗೆಂದೇ ಮೈಸೂರಿನಲ್ಲಿ ಟ್ರಸ್ಟ್ ಬೋರ್ಡ್ ಬಂದದ್ದು 1903ರಲ್ಲಿ; ಸಿಂಗಪುರದ ಇಂಪ್ರೂವ್‌ಮೆಂಟ್ ಟ್ರಸ್ಟ್ ಬಂದದ್ದು 1927ರಲ್ಲಿ. ವೈಟ್‌ಫೀಲ್ಡ್ ಹುಟ್ಟಿದ್ದೂ ಇದೇ ಕಾಲದಲ್ಲಿ. 1882ರಲ್ಲಿ ಚಾಮರಾಜ ಒಡೆಯರು ಯುರೇಷಿಯನ್ ಮತ್ತು ಆಂಗ್ಲೋ ಇಂಡಿಯನ್ನರ ಸಂಘಕ್ಕೆ 3,900 ಎಕರೆ ಜಮೀನು ಕೊಟ್ಟರು. ಸಂಘದ ಮುಂದಾಳು ಡಿ.ಎಸ್. ವೈಟ್ ಹೆಸರಿನ ಆ ಊರಿನಲ್ಲಿ ಬೇಸಾಯ ಮಾಡಿ ಬದುಕುವ ಒಂದು ಸಮುದಾಯ ನೆಲೆಸಬೇಕೆಂಬುದು ಉದ್ದೇಶ. ಈ ಸೀಮೆಯ ಆ ಯೋಜಿತ ಊರಿನಲ್ಲಿ ಮನೆಯೂ ದುಡಿಮೆಯೂ ಒಂದೇ ನಕ್ಷೆಯಲ್ಲಿದ್ದವು ಎಂಬುದನ್ನು ಗಮನಿಸಬೇಕು.

ಭೂಗೋಳದ ವಿಷಯಕ್ಕೆ ಬಂದರೆ ಎರಡರ ಸಂಕಟವೂ ಒಂದೇ: ನೀರು. ಸಿಂಗಪುರದಲ್ಲಿ ವರ್ಷಕ್ಕೆ ಸುಮಾರು 2,400 ಮಿಲಿಮೀಟರ್ ಮಳೆ, ಆದರೆ ಅದನ್ನು ಹಿಡಿದಿಡಲು ನೆಲವಿಲ್ಲ, ದೊಡ್ಡ ನದಿಯಿಲ್ಲ. ಅತಿ ಎತ್ತರದ ಬುಕಿತ್ ತಿಮಾ ಗುಡ್ಡವೂ 165 ಮೀಟರ್ ಮುಟ್ಟುವುದಿಲ್ಲ. ಆದ್ದರಿಂದ ಅದು 1927ರಿಂದಲೇ ನೆರೆಯ ಜೋಹೋರ್‌ನೊಡನೆ ನೀರಿನ ಒಪ್ಪಂದ ಮಾಡಿಕೊಂಡಿತು. 1962ರ ಒಪ್ಪಂದ ಈಗಲೂ ಜಾರಿಯಲ್ಲಿದ್ದು 2061ಕ್ಕೆ ಮುಗಿಯುತ್ತದೆ. ಬೆಂಗಳೂರು ಸಮುದ್ರಮಟ್ಟದಿಂದ 900 ಮೀಟರಿಗೂ ಮೇಲೆ, ದಿಬ್ಬದ ನೆತ್ತಿಯಲ್ಲಿ ಕೂತ ಊರು. ಇದಕ್ಕೆ ಸ್ವಂತ ನದಿಯೇ ಇಲ್ಲ. 1974ರಿಂದ ಸುಮಾರು ನೂರು ಕಿಲೋಮೀಟರ್ ದೂರದಿಂದ, ಅರ್ಧ ಕಿಲೋಮೀಟರಿನಷ್ಟು ಮೇಲಕ್ಕೆ ಎತ್ತಿ ತಂದ ಕಾವೇರಿಯೇ ಆಧಾರ. ಆ ಕಾವೇರಿಯ ಮೇಲೂ 1892 ಮತ್ತು 1924ರ ಮದ್ರಾಸ್ ಒಪ್ಪಂದಗಳ ನೆರಳು. ಮಹದೇವಪುರದ ಪಾಲಿಗೆ ಭೂಗೋಳ ಇನ್ನೂ ಕಠಿಣ. ಊರಿನ ಈ ಮಗ್ಗುಲಿನ ಇಳಿಜಾರು ಕಾವೇರಿಯ ಕಡೆಗಿಲ್ಲ. ಇಲ್ಲಿ ಬಿದ್ದ ಹನಿ ರಾಜಕಾಲುವೆ ಹಿಡಿದು ಬೆಳ್ಳಂದೂರು, ವರ್ತೂರು ಕೆರೆ ದಾಟಿ ದಕ್ಷಿಣ ಪಿನಾಕಿನಿ ಸೇರಿ ತಮಿಳುನಾಡಿಗೆ ಹೋಗುತ್ತದೆ. 2007ರ ಜನವರಿಯಲ್ಲಿ ಮಹದೇವಪುರ ನಗರಸಭೆ ಬೆಂಗಳೂರಿಗೆ ಸೇರಿತು. ಮರುತಿಂಗಳು ಬಂದ ಕಾವೇರಿ ನ್ಯಾಯಮಂಡಳಿಯ ಅಂತಿಮ ತೀರ್ಪು, ಬೆಂಗಳೂರಿನ ಮೂರನೇ ಒಂದು ಭಾಗ ಮಾತ್ರ ಕಾವೇರಿ ಕೊಳ್ಳದಲ್ಲಿದೆ ಎಂದು ಲೆಕ್ಕ ಹಾಕಿ ಅಷ್ಟಕ್ಕಷ್ಟೇ ಕುಡಿಯುವ ನೀರು ಎಣಿಸಿತು. ಊರಿಗೆ ಸೇರಿಸಿಕೊಂಡ ಜನ ನೀರಿನ ಲೆಕ್ಕದಿಂದ ಹೊರಗುಳಿದರು. 2018ರ ಫೆಬ್ರುವರಿಯಲ್ಲಿ ಸುಪ್ರೀಂ ಕೋರ್ಟ್ ಆ ತರ್ಕವನ್ನು ಒಪ್ಪದೆ ಬೆಂಗಳೂರಿಗೆಂದೇ 4.75 ಟಿಎಂಸಿ ಅಡಿ ಹೆಚ್ಚು ನೀರು ಕೊಟ್ಟ ಮೇಲೆಯೇ ಈ ಅನ್ಯಾಯ ಕಾಗದದಲ್ಲಿ ಸರಿಯಾದದ್ದು.

ಹೀಗಿರುವಾಗ ನಿಸರ್ಗ ಒಬ್ಬರಿಗೆ ಕೊಟ್ಟಿತು, ಇನ್ನೊಬ್ಬರಿಗೆ ಕೊಡಲಿಲ್ಲ ಎನ್ನುವಂತಿಲ್ಲ. ಇಬ್ಬರೂ ನೀರಿಗೆ ಕೈಚಾಚಿದವರೇ. ವ್ಯತ್ಯಾಸವಾದದ್ದು ಆಮೇಲೆ ಮಾಡಿದ ಕೆಲಸದಲ್ಲಿ. ಸಿಂಗಪುರ 1977ರಿಂದ 1987ರವರೆಗೆ ಹತ್ತು ವರ್ಷ ಹಿಡಿದು ತನ್ನ ನಾರುತ್ತಿದ್ದ ನದಿಯನ್ನು ತೊಳೆಯಿತು. ದಂಡೆಯ ಹಂದಿಸಾಕಣೆ, ಬೀದಿ ಅಂಗಡಿ, ದೋಣಿಗಳನ್ನು ಎಬ್ಬಿಸಿ ಬೇರೆಡೆ ಹಾಕಿತು. 2003ರಿಂದ ಕೊಳಚೆ ನೀರನ್ನೇ ಕುಡಿಯುವ ಮಟ್ಟಕ್ಕೆ ಶುದ್ಧಿ ಮಾಡಿ ಮುಖ್ಯವಾಗಿ ಕಾರ್ಖಾನೆಗಳಿಗೆ ಕೊಡತೊಡಗಿತು. 2008ರಲ್ಲಿ ನದಿಮುಖಕ್ಕೆ ಅಣೆ ಕಟ್ಟಿ ಊರಿನ ನಡುವೆಯೇ ಸಿಹಿನೀರಿನ ಜಲಾಶಯ ಮಾಡಿಕೊಂಡಿತು. ಬೆಂಗಳೂರು ಅದೇ ದಶಕಗಳಲ್ಲಿ ಕೋರಮಂಗಲ–ಚಲ್ಲಘಟ್ಟ ಕಣಿವೆಯ ಕೊಳಚೆಯನ್ನು ಬೆಳ್ಳಂದೂರಿಗೆ, ಅಲ್ಲಿಂದ ವರ್ತೂರಿಗೆ ಹರಿಯಬಿಟ್ಟಿತು. ನೊರೆ ರಸ್ತೆಗೆ ಬಂತು, ಕೆರೆಗೇ ಬೆಂಕಿ ಬಿತ್ತು. 2018ರಿಂದ ಅದೇ ಕಣಿವೆಯ ನೀರನ್ನು ಎರಡನೇ ಹಂತದವರೆಗೆ ಶುದ್ಧಿ ಮಾಡಿ ಕೋಲಾರದ ಕೆರೆಗಳಿಗೆ ಪಂಪ್ ಮಾಡಲಾಗುತ್ತಿದೆ. ಒಣಗಿದ ಜಿಲ್ಲೆಯ ಅಂತರ್ಜಲಕ್ಕೆ ಅದು ಆಸರೆ ಎನ್ನುವವರಿದ್ದಾರೆ, ಮೂರನೇ ಹಂತದ ಶುದ್ಧೀಕರಣವಿಲ್ಲದೆ ಕೊಡುವುದು ಸರಿಯಲ್ಲ ಎಂದು ತಕರಾರು ಎತ್ತಿದವರೂ ಇದ್ದಾರೆ. ಸಿಂಗಪುರ, ಬೆಂಗಳೂರು ಎರಡು ಕಡೆಯೂ ಕೊಳಚೆ ಒಂದೇ, ಹೊಣೆ ಹಂಚಿದ ರೀತಿ ಬೇರೆ. ಅಲ್ಲಿ ಕುಡಿಯುವ ನೀರು, ಚರಂಡಿ, ಮಳೆಕಾಲುವೆ ಮೂರೂ ಒಂದೇ ಮಂಡಳಿಯ ಹೊಣೆ. ಇಲ್ಲಿ ನಲ್ಲಿ ಮತ್ತು ಒಳಚರಂಡಿ ಜಲಮಂಡಳಿಗೆ, ರಾಜಕಾಲುವೆ ಪಾಲಿಕೆಗೆ, ಕೆರೆ ಕಾಲಕಾಲಕ್ಕೆ ಒಂದೊಂದು ಇಲಾಖೆಗೆ, ಶುದ್ಧಿಯಾದ ನೀರಿನ ಸಾಗಣೆ ಸಣ್ಣ ನೀರಾವರಿಗೆ. 2022ರ ಸೆಪ್ಟೆಂಬರ್ ಮಳೆಗೆ ಹೊರವರ್ತುಲ ರಸ್ತೆ ಮುಳುಗಿ ಬಡಾವಣೆಗಳಲ್ಲಿ ಜನರನ್ನು ಟ್ರ್ಯಾಕ್ಟರ್‌ನಲ್ಲಿ ಸಾಗಿಸುವಾಗ, ಇದಕ್ಕೆ ಹೊಣೆ ಯಾರು ಎಂದು ಕೇಳಿದವನಿಗೆ ನಾಲ್ಕು ಬಾಗಿಲು ತೋರಿಸಲು ಸಾಧ್ಯವಿತ್ತು.

ಈಗ ಭೂಮಿ ಮತ್ತು ಮನೆ. ಇಲ್ಲೊಂದು ಕಾಕತಾಳೀಯವಿದೆ. ಸಿಂಗಪುರದ ಭೂಸ್ವಾಧೀನ ಕಾಯ್ದೆ 1966ರದು, ನಮ್ಮ ಕರ್ನಾಟಕ ಕೈಗಾರಿಕಾ ಪ್ರದೇಶಾಭಿವೃದ್ಧಿ ಕಾಯ್ದೆಯೂ 1966ರದೇ. ಎರಡೂ ರೈತನ ಜಮೀನನ್ನು ಸರ್ಕಾರ ಸುಲಭವಾಗಿ ವಶಪಡಿಸಿಕೊಳ್ಳಲು ಮಾಡಿದ ಕಾನೂನುಗಳು. ಸಿಂಗಪುರದ್ದು ಇನ್ನೂ ಕಠೋರ: ಆಸ್ತಿಯ ಹಕ್ಕನ್ನು ಅದು ತನ್ನ ಸಂವಿಧಾನದಲ್ಲಿ ಸೇರಿಸಲೇ ಇಲ್ಲ, ಪರಿಹಾರವನ್ನು ಹಲವು ಕಾಲ 1973ರ ಬೆಲೆಗೆ ಕಟ್ಟಿಹಾಕಿತ್ತು. ಆದರೆ ಅಲ್ಲಿ ಆ ಕಾಯ್ದೆಯ ಜೊತೆಜೊತೆಗೆ ವಸತಿ ಮಂಡಳಿ ಇತ್ತು. 1960ರಲ್ಲಿ ಹುಟ್ಟಿದ ಆ ಮಂಡಳಿ ಮೊದಲ ಐದು ವರ್ಷದಲ್ಲೇ 50,000ಕ್ಕೂ ಹೆಚ್ಚು ಮನೆ ಕಟ್ಟಿತು. ಇಂದು ಆ ದೇಶದ ನಿವಾಸಿಗಳಲ್ಲಿ ನಾಲ್ಕರಲ್ಲಿ ಮೂರು ಪಾಲಿಗೂ ಹೆಚ್ಚು ಜನ ಅದು ಕಟ್ಟಿದ ಮನೆಗಳಲ್ಲಿದ್ದಾರೆ. 1961ರಲ್ಲಿ ಶುರುವಾದ ಜುರಾಂಗ್ ಕೈಗಾರಿಕಾ ಪ್ರದೇಶವನ್ನು 1968ರಿಂದ ನೋಡಿಕೊಂಡ ಜುರಾಂಗ್ ಟೌನ್ ಕಾರ್ಪೊರೇಷನ್ ಕೂಡ ಕಾರ್ಖಾನೆಯ ಪಕ್ಕದಲ್ಲೇ ಕಾರ್ಮಿಕರ ಮನೆಗಳನ್ನು ಕಟ್ಟಿತು. ಜಮೀನು ಕಳೆದುಕೊಂಡವನಿಗೆ ಸಿಕ್ಕ ಹಣ ಕಡಿಮೆಯಾದರೂ ತಲೆಯ ಮೇಲೊಂದು ಸೂರು ಸಿಕ್ಕಿತು. ನಮ್ಮ ಕೈಗಾರಿಕಾ ಪ್ರದೇಶಾಭಿವೃದ್ಧಿ ಮಂಡಳಿಗೆ (ಕೆಐಎಡಿಬಿ) ಕಾನೂನು ವಹಿಸಿದ್ದು ಕೈಗಾರಿಕೆಗೆ ನಿವೇಶನ ಮಾಡಿಕೊಡುವ ಕೆಲಸವನ್ನು. ಅಲ್ಲಿ ದುಡಿಯುವವನು ರಾತ್ರಿ ಎಲ್ಲಿ ಮಲಗುತ್ತಾನೆ ಎಂಬುದು ಅದರ ತಲೆನೋವಾಗಲಿಲ್ಲ.

ಇದು ನಮ್ಮ ಜಾಯಮಾನವೇ ಹಾಗೆ ಎನ್ನಲು ಬರುವುದಿಲ್ಲ. ಮಹದೇವಪುರಕ್ಕೆ ಅಂಟಿಕೊಂಡಂತೆ ಇರುವ ದೂರವಾಣಿನಗರವನ್ನು ನೋಡಿ. 1948ರಲ್ಲಿ ಶುರುವಾದ ಇಂಡಿಯನ್ ಟೆಲಿಫೋನ್ ಇಂಡಸ್ಟ್ರೀಸ್ ಕಾರ್ಖಾನೆಯ ಜೊತೆಗೇ ಕ್ವಾರ್ಟರ್ಸ್, ಶಾಲೆ, ಆಸ್ಪತ್ರೆ, ಆಟದ ಬಯಲು ಬಂದವು. ಎಚ್‌ಎಎಲ್, ಎಚ್‌ಎಂಟಿ, ಬಿಇಎಲ್‌ಗಳೂ ಅದೇ ದಾರಿ ಹಿಡಿದವು. ಜುರಾಂಗ್‌ನಲ್ಲಿ ಬುಲ್ಡೋಜರ್ ಕಾಲಿಡುವುದಕ್ಕೆ ಹತ್ತು ವರ್ಷ ಮೊದಲೇ ಬೆಂಗಳೂರಿನ ಹೊರವಲಯದಲ್ಲಿ ಕೆಲಸ ಮತ್ತು ಮನೆ ಒಂದೇ ನಕ್ಷೆಯಲ್ಲಿ ಬರುತ್ತಿದ್ದವು. ಆ ಕಾಲೋನಿಗಳು ಕಾಯಂ ನೌಕರರಿಗೆ ಮಾತ್ರ, ಗುತ್ತಿಗೆಯವರಿಗೂ ಗೇಟಿನ ಹೊರಗೆ ಟೀ ಮಾರುವವನಿಗೂ ಅಲ್ಲಿ ಜಾಗವಿರಲಿಲ್ಲ ಎಂಬ ಆಕ್ಷೇಪ ನ್ಯಾಯವಾದದ್ದೇ. ಸಿಂಗಪುರ ಅದನ್ನೇ ಇಡೀ ಊರಿಗೆ ಹಿಗ್ಗಿಸಿತು. ನಾವು ಹಿಗ್ಗಿಸುವ ಬದಲು ಕೈಬಿಟ್ಟೆವು.

ಈ ಹಿನ್ನೆಲೆಯಲ್ಲಿ ಐಟಿಪಿಎಲ್ ಅನ್ನು ನೋಡಬೇಕು. 1992ರ ಸುಮಾರಿಗೆ ಪ್ರಧಾನಿಗಳಾದ ಪಿ.ವಿ. ನರಸಿಂಹರಾವ್ ಮತ್ತು ಗೋ ಚೋಕ್ ಟಾಂಗ್ ಅವರ ಮಾತುಕತೆಯಲ್ಲಿ ಮೂಡಿದ ಯೋಜನೆ ಇದು. 1994ರಲ್ಲಿ ಸಿಂಗಪುರದ ಕಂಪನಿಗಳ ಒಕ್ಕೂಟ ಮತ್ತು ಟಾಟಾ ಇಂಡಸ್ಟ್ರೀಸ್ ಸಮಪಾಲಿನಲ್ಲಿ, ಕೆಐಎಡಿಬಿ ಚಿಕ್ಕ ಪಾಲಿನಲ್ಲಿ ಕೂಡಿಕೊಂಡವು. ಪಟ್ಟಂದೂರು ಅಗ್ರಹಾರದ ಬಳಿ ಸುಮಾರು 70 ಎಕರೆಯಲ್ಲಿ 1998ರ ಹೊತ್ತಿಗೆ ಕಟ್ಟಡಗಳು ಎದ್ದವು. ಡಿಸ್ಕವರರ್, ಇನ್ನೋವೇಟರ್, ಕ್ರಿಯೇಟರ್ ಎಂದು ಅವುಗಳ ಹೆಸರು. ಊರಿನಲ್ಲಿ ಕರೆಂಟ್ ಹೋಗುವುದು ದಿನನಿತ್ಯದ ಸಂಗತಿಯಾಗಿದ್ದಾಗ ಒಳಗೆ ಸ್ವಂತ ವಿದ್ಯುತ್ ಉತ್ಪಾದನಾ ಘಟಕ ಓಡುತ್ತಿತ್ತು. ಕೇಬಲ್ಲು, ಏಸಿ, ನೀರು, ಬ್ಯಾಂಕು, ಫುಡ್ ಕೋರ್ಟು ಎಲ್ಲ ಒಂದೇ ಆವರಣದಲ್ಲಿ, ಒಂದೇ ನಿರ್ವಹಣೆಯಲ್ಲಿ. ಕಂಪನಿಯೊಂದು ಬಂದು ಮಾರನೇ ದಿನವೇ ಕೆಲಸ ಶುರುಮಾಡಬಹುದಿತ್ತು. ಈ ಸಾಧನೆ ಸಣ್ಣದಲ್ಲ. ಇವತ್ತು ಮಹದೇವಪುರದಲ್ಲಿ ಲಕ್ಷಾಂತರ ಜನಕ್ಕೆ ಅನ್ನ ಕೊಡುತ್ತಿರುವ ಐಟಿ ವಲಯಕ್ಕೆ ಆ ಆವರಣವೂ ಪಕ್ಕದ ಇಪಿಐಪಿ ಕೈಗಾರಿಕಾ ಪ್ರದೇಶವೂ ಬುನಾದಿ ಹಾಕಿದವು. ಆದರೆ ಕಾಂಪೌಂಡಿನ ಹೊರಗೆ ಹೂಡಿ, ಕುಂದಲಹಳ್ಳಿ, ನಲ್ಲೂರಹಳ್ಳಿ, ಕಾಡುಗೋಡಿಗಳು ಆಗ ಪಂಚಾಯಿತಿ ಆಡಳಿತದಿಂದ ನಗರಸಭೆಗೆ ಹೊರಳುತ್ತಿದ್ದ ಹಳ್ಳಿಗಳು. ಬಂದ ಸಾವಿರಾರು ಜನಕ್ಕೆ ಮನೆ ಎಲ್ಲಿ ಎಂಬ ಪ್ರಶ್ನೆಗೆ ಉತ್ತರ ಕೊಟ್ಟವರು ರೆವಿನ್ಯೂ ಸೈಟು ಮಾಡಿದವರು, ಪಿಜಿ ಕಟ್ಟಿದವರು, ಬಿಲ್ಡರ್‌ಗಳು. ನೀರಿನ ಪ್ರಶ್ನೆಗೆ ಉತ್ತರ ಬೋರ್‌ವೆಲ್ಲು, ಆಮೇಲೆ ಟ್ಯಾಂಕರ್. 2007ರಲ್ಲಿ ಪಾಲಿಕೆಗೆ ಸೇರಿದ 110 ಹಳ್ಳಿಗಳಿಗೆಂದು ರೂಪಿಸಿದ ಕಾವೇರಿ ಐದನೇ ಹಂತ ಉದ್ಘಾಟನೆಯಾದದ್ದು 2024ರ ಅಕ್ಟೋಬರ್‌ನಲ್ಲಿ, ಅದೇ ವರ್ಷದ ಬೇಸಿಗೆಯಲ್ಲಿ ಬೋರ್‌ವೆಲ್‌ಗಳು ಬತ್ತಿ ಟ್ಯಾಂಕರ್ ದರಕ್ಕೆ ಜಿಲ್ಲಾಡಳಿತ ಮಿತಿ ಹಾಕಬೇಕಾಗಿ ಬಂದ ಮೇಲೆ. ಮೆಟ್ರೊ ವೈಟ್‌ಫೀಲ್ಡ್ ಮುಟ್ಟಿದ್ದು 2023ರ ಮಾರ್ಚ್‌ನಲ್ಲಿ, ಐಟಿಪಿಎಲ್ ಬಾಗಿಲು ತೆರೆದ ಕಾಲು ಶತಮಾನದ ಬಳಿಕ.

ಇಲ್ಲಿ ಬಲವಾದ ಆಕ್ಷೇಪವೊಂದು ಏಳುತ್ತದೆ. ಸಿಂಗಪುರ ಇದೆಲ್ಲ ಮಾಡಿದ್ದು ಪ್ರಜಾಪ್ರಭುತ್ವವನ್ನು ಅದುಮಿಟ್ಟು. ಒಂದೇ ಪಕ್ಷ 1959ರಿಂದ ಆಳುತ್ತಿದೆ. ಅಂಥ ಆಡಳಿತ ನಮಗೆ ಬೇಡ ಎಂದು. ಈ ಮಾತಿನಲ್ಲಿ ಸತ್ಯಾಂಶವಿದೆ. 1963ರ ಫೆಬ್ರುವರಿಯಲ್ಲಿ ನೂರಕ್ಕೂ ಹೆಚ್ಚು ಎಡಪಂಥೀಯರನ್ನು ವಿಚಾರಣೆಯಿಲ್ಲದೆ ಬಂಧಿಸಲಾಯಿತು. 1968ರಿಂದ 1981ರವರೆಗೆ ಸಂಸತ್ತಿನಲ್ಲಿ ಚುನಾಯಿತ ವಿರೋಧಿ ಸದಸ್ಯ ಒಬ್ಬನೂ ಇರಲಿಲ್ಲ. ಆದರೆ ಕಾಲಾನುಕ್ರಮವನ್ನು ಸೂಕ್ಷ್ಮವಾಗಿ ನೋಡಿದರೆ, ಮನೆ ಕಟ್ಟುವ ಕೆಲಸ ಬಿರುಸಾಗಿ ಶುರುವಾದದ್ದು ಆಳುವ ಪಕ್ಷ ಗಟ್ಟಿಯಾಗಿದ್ದಾಗಲ್ಲ, ನಡುಗುತ್ತಿದ್ದಾಗ. 1961ರಲ್ಲಿ ಪಕ್ಷ ಒಡೆದು ಸರ್ಕಾರ ಕೂದಲೆಳೆಯಲ್ಲಿ ಉಳಿಯಿತು. 1963ರ ಚುನಾವಣೆ ಗೆದ್ದಾಗಲೂ ಅದಕ್ಕೆ ಬಿದ್ದ ಮತ ಅರ್ಧಕ್ಕಿಂತ ಕಡಿಮೆ. ಕೊಳೆಗೇರಿಯ ಮತದಾರನನ್ನು ಎದುರಾಳಿಯಿಂದ ಸೆಳೆದುಕೊಳ್ಳಬೇಕಾಗಿತ್ತು; ಆ ಭಯವೂ 50,000 ಮನೆಗಳ ಅಡಿಪಾಯದಲ್ಲಿತ್ತು. ಸರ್ವಾಧಿಕಾರವೇ ಊರು ಕಟ್ಟುತ್ತದೆ ಎಂಬ ವಾದವನ್ನು ಮಹದೇವಪುರ ಇನ್ನೊಂದು ಬದಿಯಿಂದ ಸುಳ್ಳು ಮಾಡಿದೆ. 2007ರಲ್ಲಿ ವಿಲೀನವಾದ ಮೇಲೆ ಬಿಬಿಎಂಪಿಯ ಮೊದಲ ಚುನಾವಣೆ ನಡೆದದ್ದು 2010ರಲ್ಲಿ. ಎರಡನೇ ಅವಧಿ 2020ರ ಸೆಪ್ಟೆಂಬರ್‌ಗೆ ಮುಗಿಯಿತು. ಅವಧಿ ಮುಗಿಯುವ ಮೊದಲೇ ಚುನಾವಣೆ ನಡೆಸಬೇಕೆಂದು ಸಂವಿಧಾನದ 74ನೇ ತಿದ್ದುಪಡಿ ಹೇಳಿದರೂ ಆಮೇಲೆ ಬಿಬಿಎಂಪಿಗೆ ಚುನಾವಣೆ ನಡೆಯಲೇ ಇಲ್ಲ. ಅಷ್ಟೂ ವರ್ಷ ಆಡಳಿತಾಧಿಕಾರಿ ಮತ್ತು ಕಮಿಷನರ್ ಅವರದೇ ರಾಜ್ಯ. ಕಾರ್ಪೊರೇಟರ್‌ಗಳ ಕಾಟವಿಲ್ಲದ ದಕ್ಷ ಆಡಳಿತ ಬೇಕು ಎನ್ನುವವರ ಆಸೆ ಈಡೇರಿತ್ತು. ಆ ವರ್ಷಗಳು ಕೊಟ್ಟದ್ದು 2022ರ ಪ್ರವಾಹ ಮತ್ತು 2024ರ ನೀರಿನ ಬರ.

ಪ್ರಾತಿನಿಧ್ಯದ ಲೆಕ್ಕವನ್ನೂ ನೋಡೋಣ. ಸಿಂಗಪುರಕ್ಕೆ ಚುನಾಯಿತ ನಗರಸಭೆ ಇಲ್ಲ. ಇದ್ದದ್ದನ್ನು 1959ರಲ್ಲಿ ಸರ್ಕಾರ ತನ್ನೊಳಗೆ ನುಂಗಿಕೊಂಡಿತು. ಇದನ್ನು ತೋರಿಸಿ ನಮಗೂ ಪಾಲಿಕೆ ಬೇಡ ಎನ್ನುವವರು ಉಳಿದರ್ಧವನ್ನು ಮರೆಯುತ್ತಾರೆ. ಅಲ್ಲಿ 2025ರ ಚುನಾವಣೆಯಲ್ಲಿ ಸುಮಾರು 27 ಲಕ್ಷ ಮತದಾರರಿಗೆ 97 ಸಂಸದರು ಆಯ್ಕೆಯಾದರು. ಅಂದರೆ ಮೂವತ್ತು ಸಾವಿರಕ್ಕೂ ಕಡಿಮೆ ಮತದಾರರಿಗೆ ಒಬ್ಬರು. 1989ರಿಂದ ಬಡಾವಣೆಯ ಲಿಫ್ಟು, ಕಸ, ದೀಪ ನೋಡಿಕೊಳ್ಳುವ ಟೌನ್ ಕೌನ್ಸಿಲ್‌ಗಳನ್ನು ನಡೆಸುವವರೂ ಅವರೇ. ಕೆಟ್ಟರೆ ಬೈಸಿಕೊಳ್ಳುವವರೂ ಅವರೇ. 2008ರಲ್ಲಿ ರಚನೆಯಾದ ಮಹದೇವಪುರ ವಿಧಾನಸಭಾ ಕ್ಷೇತ್ರದಲ್ಲಿ ಐದು ಲಕ್ಷಕ್ಕೂ ಹೆಚ್ಚು ಮತದಾರರಿಗೆ ಒಬ್ಬ ಶಾಸಕ. ಪಾಲಿಕೆ ಇದ್ದಾಗ ಹೂಡಿಯಿಂದ ಬೆಳ್ಳಂದೂರಿನವರೆಗೆ ಎಂಟು ವಾರ್ಡ್‌ಗಳ ಎಂಟು ಸದಸ್ಯರಾದರೂ ಇದ್ದರು. ಅಧಿಕಾರ ಕೇಂದ್ರೀಕೃತವಾದ ದೇಶದಲ್ಲಿ ಜನಪ್ರತಿನಿಧಿ ಹತ್ತಿರವಿದ್ದಾನೆ. ವಿಕೇಂದ್ರೀಕರಣದ ತಿದ್ದುಪಡಿ ಮಾಡಿಕೊಂಡ ದೇಶದಲ್ಲಿ ಅವನು ದೂರವಿದ್ದಾನೆ.

ಕೊನೆಯ ಆಕ್ಷೇಪ ಗಡಿಯದ್ದು, ಅದಕ್ಕೆ ಪೂರ್ತಿ ಉತ್ತರವಿಲ್ಲ. ಸಿಂಗಪುರ ತನ್ನೊಳಗೆ ಯಾರು ಬರಬೇಕು, ಎಷ್ಟು ದಿನ ಇರಬೇಕು ಎಂದು ಪರ್ಮಿಟ್ ಕೊಟ್ಟು ತೀರ್ಮಾನಿಸುತ್ತದೆ. ಬೆಂಗಳೂರಿಗೆ ಆ ಅಧಿಕಾರ ಇಲ್ಲ, ಇರಲೂಬಾರದು. ದೇಶದ ಯಾವ ಮೂಲೆಯವನೂ ಇಲ್ಲಿ ಬಂದು ನೆಲೆಸಬಹುದೆಂಬುದು ಸಂವಿಧಾನದ 19ನೇ ವಿಧಿ ಕೊಟ್ಟ ಹಕ್ಕು. ಬರುವವರ ಸಂಖ್ಯೆ ಗೊತ್ತಿದ್ದರೆ ಮನೆ ಕಟ್ಟುವುದು ಸುಲಭ, ಗೊತ್ತಿಲ್ಲದಿದ್ದರೆ ಕಷ್ಟ ಎಂಬುದನ್ನು ಒಪ್ಪಲೇಬೇಕು. ಆದರೆ ಗಡಿಯಿರುವ ಸಿಂಗಪುರವೂ ಕಟ್ಟಡ ಕಟ್ಟುವ ಕೈಗಳನ್ನು ತನ್ನ ಊರಿನ ಲೆಕ್ಕದಿಂದ ಹೊರಗಿಟ್ಟಿತ್ತು. 2020ರ ಏಪ್ರಿಲ್‌ನಲ್ಲಿ ಕೊರೊನಾ ಹಬ್ಬಿದಾಗ ಅಲ್ಲಿಯ ಪ್ರಕರಣಗಳಲ್ಲಿ ಬಹುಪಾಲು ವಲಸೆ ಕಾರ್ಮಿಕರ ಇಕ್ಕಟ್ಟಿನ ಡಾರ್ಮಿಟರಿಗಳಲ್ಲಿ ಕಂಡವು. ಅದೇ ವರ್ಷದ ಜನವರಿಯಲ್ಲಿ ಬೆಳ್ಳಂದೂರಿನ ಬಳಿ ಕರಿಯಮ್ಮನ ಅಗ್ರಹಾರದಲ್ಲಿ ವಲಸೆ ಕಾರ್ಮಿಕರ ಶೆಡ್‌ಗಳನ್ನು ಕೆಡವಲಾಗಿತ್ತು. ಹೈಕೋರ್ಟ್ ಆ ತೆರವನ್ನು ಕಾನೂನುಬಾಹಿರ ಎಂದಿತು. ಸಿಂಗಪುರವನ್ನು ಮಾದರಿ ಎನ್ನುವವರು ಇದನ್ನು ನಕಲು ಮಾಡಬಾರದ ಪುಟವೆಂದು ತಿಳಿಯಬೇಕು. ವ್ಯತ್ಯಾಸ ಇಷ್ಟೇ: ಅಲ್ಲಿ ವಲಸಿಗನಿಗೆ ಮತವಿಲ್ಲ. ಇಲ್ಲಿ ನೆಲೆಸಿದವನು ಮತದಾರನಾಗಬಹುದು, ನ್ಯಾಯಾಲಯದಲ್ಲಿ ಗೆಲ್ಲಬಹುದು. ಆ ಹಕ್ಕನ್ನು ಊರು ಕಟ್ಟುವ ಬಲವಾಗಿ ಮಾಡಿಕೊಳ್ಳಲು ನಮಗೆ ಸಾಧ್ಯವಿದೆ, ಸಿಂಗಪುರಕ್ಕೆ ಸದ್ಯಕ್ಕಿಲ್ಲ.

2025ರ ಸೆಪ್ಟೆಂಬರ್‌ನಲ್ಲಿ ಗ್ರೇಟರ್ ಬೆಂಗಳೂರು ಪ್ರಾಧಿಕಾರದ ಅಡಿಯಲ್ಲಿ ಐದು ಪಾಲಿಕೆಗಳಾದವು. ಕೆ.ಆರ್. ಪುರ ಮತ್ತು ಮಹದೇವಪುರ ಸೇರಿ ಬೆಂಗಳೂರು ಪೂರ್ವ ನಗರ ಪಾಲಿಕೆಯಾಯಿತು. ಒಂದನ್ನು ಐದು ಮಾಡಿದ್ದು ಸರಿಯೋ ತಪ್ಪೋ ಎಂಬ ಚರ್ಚೆ ಸಾಕಷ್ಟು ನಡೆದಿದೆ. ಮೇಲಿನ ಇತಿಹಾಸ ಕೇಳುವ ಪ್ರಶ್ನೆ ಬೇರೆ. ಈ ಪಾಲಿಕೆಗೆ ಸಕಾಲಕ್ಕೆ ಚುನಾವಣೆ ನಡೆಯುತ್ತದೆಯೇ? ತನ್ನ ಎಲ್ಲೆಯೊಳಗಿನ ರಾಜಕಾಲುವೆ, ಕೆರೆ, ನಲ್ಲಿ, ಚರಂಡಿಗಳ ಹೊಣೆ ಅದರ ಕೈಗೆ ಒಟ್ಟಾಗಿ ಬರುತ್ತದೆಯೇ? ಹೊಸ ಟೆಕ್ ಪಾರ್ಕಿಗೆ ಒಪ್ಪಿಗೆ ಕೊಡುವಾಗ ಅಲ್ಲಿ ದುಡಿಯುವವರಲ್ಲಿ ಇಂತಿಷ್ಟು ಜನಕ್ಕೆ, ಹೌಸ್‌ಕೀಪಿಂಗ್ ಮತ್ತು ಸೆಕ್ಯೂರಿಟಿಯವರನ್ನೂ ಸೇರಿಸಿ, ಕೈಗೆಟುಕುವ ಮನೆ ಹತ್ತಿರದಲ್ಲಿರಬೇಕೆಂದು ಷರತ್ತು ಹಾಕುವ ಅಧಿಕಾರ ಅದಕ್ಕೆ ಸಿಗುತ್ತದೆಯೇ? ಇವು ಮೂರಕ್ಕೂ ಹೌದು ಎನ್ನಲು ರಾಜ್ಯ ಸರ್ಕಾರಕ್ಕೆ ವಿದೇಶಿ ಬಂಡವಾಳವೂ ಬೇಡ, ವಿದೇಶ ಪ್ರವಾಸವೂ ಬೇಡ. ತನ್ನ ಕೈಯಲ್ಲಿರುವುದನ್ನು ಬಿಟ್ಟುಕೊಡುವ ಮನಸ್ಸು ಬೇಕು. ಸಿಂಗಪುರದ ಉದಾಹರಣೆಯಿಂದ ಕಲಿಯಬೇಕಾದದ್ದು, ಒಂದು ನೆಲದ ಮೇಲೆ ನಡೆಯುವುದೆಲ್ಲಕ್ಕೂ ಆ ನೆಲದ ಜನಕ್ಕೆ ಉತ್ತರ ಹೇಳುವ ಒಬ್ಬರು ಇರಬೇಕು ಎಂಬುದನ್ನು. ಅಲ್ಲಿ ಆ ಒಬ್ಬರು ಒಂದೇ ಪಕ್ಷವಾದರು. ಇಲ್ಲಿ ಅದು ಚುನಾಯಿತ ಪಾಲಿಕೆಯಾಗಬೇಕು.